ದಾನಿಯೇಲಪ್ಪನ ಹೆಸರು

ಕಳೆದ ಸಂಚಿಕೆಯಲ್ಲಿ ಈ ಊರಿನ ಬಾಡಿಗೆ ಮನೆಗಳ ವಿಷಯವಾಗಿ ನಾಲ್ಕು ಮಾತು ಬರೆದಿದ್ದೆ. ಈ ಸಲ ಹಬ್ಬದ ಅಡಿಗೆಯ ಬಗೆಗೆ ಬರೆಯಿರೆಂದು ಸಂಪಾದಕರ ಅಪ್ಪಣೆಯಾಗಿತ್ತು. ನಾನೂ ಹೂಂ ಎಂದಿದ್ದೆ. ಅಷ್ಟರಲ್ಲಿ ಒಂದು ಹೆಸರು ಬಂದು ಅಡ್ಡ ನಿಂತಿತು. ಅಡಿಗೆ ಎಲ್ಲಿಗೆ ಹೋದೀತು? ಮುಂದಿನ ಸಲಕ್ಕಿರಲಿ.

ನಮ್ಮ ಮನೆಯ ಹಿಂದಿನ ಓಣಿಯಲ್ಲಿ ಬೀದರ ಕಡೆಯ ನಿವೃತ್ತ ಮಾಸ್ತರರೊಬ್ಬರಿದ್ದಾರೆ. ಮೆಥೊಡಿಸ್ಟ್ ಸಭೆಯವರು. ಮೂವತ್ತು ವರ್ಷ ಹುಡುಗರಿಗೆ ಕಾಗುಣಿತ ತಿದ್ದಿದವರಾದ್ದರಿಂದ ಈಗಲೂ ಅಂಗಡಿಯ ಫಲಕದಲ್ಲಿ ಒಂದು ದೀರ್ಘ ತಪ್ಪಿದರೆ ಅವರಿಗೆ ಅನ್ನ ಇಳಿಯುವುದಿಲ್ಲ. ಒಂದು ಭಾನುವಾರ ಸಂಜೆ ಕೈಯಲ್ಲಿ ಕಾಗದದ ಸುರುಳಿ ಹಿಡಿದು ಬಂದರು.

“ತಮ್ಮಾ, ಒಂದು ಸಣ್ಣ ಕೆಲಸ ಅದ. ಮೊಮ್ಮಗಂದು ದೀಕ್ಷಾಸ್ನಾನ. ಕಾರ್ಡು ಇಂಗ್ಲಿಷಿನಾಗ ಅಚ್ಚಾಗ್ಯಾವ. ಅದರ ಬೆನ್ನಿಗೆ ಕನ್ನಡದಾಗ ಹೆಸರು ಬರೀಬೇಕು. ನನ್ನ ಕೈ ಈಗ ನಡುಗ್ತದ. ನಿನ್ನ ಮಗನ ಅಕ್ಷರ ಚೆಂದ ಅವ ಅಂತ ಕೇಳೀನಿ.”

ಹೆಸರು ಏನೆಂದು ಕೇಳಿದೆ.

“ದಾನಿಯೇಲ. ಡ್ಯಾನಿಯಲ್ ಅಲ್ಲ, ಡೇನಿಯಲ್ ಅಲ್ಲ. ದಕಾರಕ್ಕ ದೀರ್ಘ, ಯಕಾರಕ್ಕ ಏತ್ವ ದೀರ್ಘ.”

ಒಳಗಿನಿಂದ ಚಹಾ ತಂದ ನನ್ನ ಮನೆಯಾಕೆ, “ಭಾಳ ಚಲೋ ಹೆಸರು ಮಾಸ್ತರ್ರ. ದಾನಿ ಅಂದ್ರ ಕೊಡಾವ ಅಲ್ಲೇನ್ರೀ?” ಎಂದಳು.

ಮಾಸ್ತರರು ನಕ್ಕರು. “ಕನ್ನಡ ಕಿವಿಗೆ ಹಂಗs ಕೇಳಸ್ತದ ತಂಗೀ. ಕೇಳಸಲಿ ಬಿಡು, ಅದೇನು ಕೆಟ್ಟ ಅರ್ಥ ಅಲ್ಲ. ಆದರ ಅದು ಇಬ್ರಿಯ ಮಾತು. ದಾನ್ ಅಂದ್ರ ನ್ಯಾಯ ತೀರಿಸು. ಏಲ್ ಅಂದ್ರ ದೇವರು.”

ಅಂದು ರಾತ್ರಿ ಮಾಸ್ತರರು ಎದ್ದು ಹೋಗುವಾಗ ಒಂಬತ್ತೂವರೆ ದಾಟಿತ್ತು. ಅವರು ಹೇಳಿದ್ದು ಅರ್ಧ, ಆಮೇಲೆ ನಾನು ಪುಸ್ತಕ ತಿರುವಿ ನೋಡಿದ್ದು ಅರ್ಧ. ಎರಡನ್ನೂ ಕೂಡಿಸಿ ಇಲ್ಲಿ ಬರೆಯುತ್ತಿದ್ದೇನೆ.

ಇಬ್ರಿಯ ಹೆಸರುಗಳಲ್ಲಿ ಬಹಳಷ್ಟು ಒಂದೊಂದು ಪುಟ್ಟ ವಾಕ್ಯ. ನಮ್ಮಲ್ಲಿ ಮಲ್ಲಿಕಾರ್ಜುನ, ವೆಂಕಟೇಶ ಎಂದು ದೇವರ ಹೆಸರನ್ನೇ ಮಗುವಿಗೆ ಇಟ್ಟುಬಿಡುತ್ತೇವೆ. ಅವರಲ್ಲಿ ಹಾಗಲ್ಲ, ದೇವರು ಏನು ಮಾಡಿದ ಎಂಬುದನ್ನು ಹೆಸರಾಗಿ ಇಡುತ್ತಾರೆ. ಇಷ್ಮಾಯೇಲ ಎಂದರೆ ದೇವರು ಕೇಳುತ್ತಾನೆ. ಅದೇ ಅರಬ್ಬಿಯಲ್ಲಿ ಇಸ್ಮಾಯಿಲ್. ಮೈಸೂರಿನ ದಿವಾನರಾಗಿ 1926ರಿಂದ 1941ರ ವರೆಗೆ ಇದ್ದು, 1946-47ರಲ್ಲಿ ಇದೇ ಹೈದರಾಬಾದಿಗೆ ಪ್ರಧಾನಿಗಳಾಗಿ ಬಂದ ಸರ್ ಮಿರ್ಜಾ ಇಸ್ಮಾಯಿಲರ ಹೆಸರಿನ ಕೊನೆಯಲ್ಲಿ ಇರುವುದೂ ಈ ‘ಏಲ’ನೇ. ಹಾಗೆಯೇ ದಾನ್, ಇ, ಏಲ್ ಮೂರೂ ಕೂಡಿ ದಾನಿಯೇಲ. ನಡುವಣ ಇಕಾರಕ್ಕೆ ‘ನನ್ನ’ ಎಂಬ ಅರ್ಥ ಹೇಳುವವರುಂಟು, ಬರಿಯ ಸಂಧಿಸ್ವರ ಎನ್ನುವವರೂ ಉಂಟು. ನನ್ನ ನ್ಯಾಯಾಧಿಪತಿ ದೇವರು ಎನ್ನಿ, ದೇವರೇ ನ್ಯಾಯಾಧಿಪತಿ ಎನ್ನಿ.

ಈ ಧಾತು ನಮ್ಮ ಊರಿಗೆ ಹೊಸದೇನೂ ಅಲ್ಲ. ಹೀಬ್ರೂ, ಅರಾಮಿಕ್, ಅರಬ್ಬಿ ಮೂರೂ ಒಂದೇ ತಾಯಿಯ ಮಕ್ಕಳು. ನ್ಯಾಯತೀರ್ಪಿನ ದಿನಕ್ಕೆ ಮುಸಲ್ಮಾನರು ಹೇಳುವ ‘ದೀನ್’ ಶಬ್ದ ಇದೇ ಬಳಗದ್ದು. ನ್ಯಾಯಾಧಿಕಾರ ನಡೆಯುವ ಸೀಮೆ ಎಂಬ ಅರ್ಥದಿಂದ ಬೆಳೆದು ಪಟ್ಟಣ ಎಂದಾದ ‘ಮದೀನಾ’ ಕೂಡ ಇದೇ ಬಳಗದ್ದು. ಚಾರ್ಮಿನಾರಿನ ಕಡೆಗೆ ಹೋಗುವಾಗ ಪತ್ತರಗಟ್ಟಿಯ ಹತ್ತಿರ ಬಸ್ಸಿನವ “ಮದೀನಾ, ಮದೀನಾ” ಎಂದು ಕೂಗುವುದನ್ನು ಎಷ್ಟು ಸಲ ಕೇಳಿಲ್ಲ! ಬೀದರಿನ ಮಗುವಿನ ಹೆಸರೂ ಬಸ್ಸಿನವನ ಕೂಗೂ ದಾಯಾದಿಗಳೆಂದು ನನಗೆ ಇಷ್ಟು ದಿನ ತಿಳಿದಿರಲಿಲ್ಲ. ನಮ್ಮ ಮೂಸಿ ನದಿಯ ಎರಡು ಕವಲುಗಳನ್ನು ಜನ ಮೂಸಾ, ಈಸಾ ಎಂದು ಕರೆಯುವುದೂ ಉಂಟು. ಒಂದಕ್ಕೆ ಉಸ್ಮಾನ್ ಸಾಗರದ ಕಟ್ಟೆ, ಇನ್ನೊಂದಕ್ಕೆ ಹಿಮಾಯತ್ ಸಾಗರದ ಕಟ್ಟೆ. ಮೂಸಾ ಎಂದರೆ ಇಬ್ರಿಯರ ಮೋಶೆ, ಈಸಾ ಎಂದರೆ ಯೇಸು. ಒಟ್ಟಿನಲ್ಲಿ ಇಲ್ಲಿ ಇಬ್ರಿಯ ಹೆಸರು ಕೇಳದೆ ನೀರು ಕುಡಿಯುವಂತಿಲ್ಲ.

ಇನ್ನು ಕಾಗುಣಿತದ ಮಾತು. ಮಾಸ್ತರರ ಹಟ ಸುಮ್ಮನೆ ಮಾಸ್ತರಿಕೆಯ ಹಟ ಎಂದು ಮೊದಲು ತಿಳಿದಿದ್ದೆ. ಅಲ್ಲ. ಬಳ್ಳಾರಿಯಲ್ಲಿದ್ದ ಜಾನ್ ಹ್ಯಾಂಡ್ಸ್ ಮೊದಲಾದವರು ದುಡಿದು 1831ರ ಹೊತ್ತಿಗೆ ಇಡೀ ಬೈಬಲನ್ನು ಕನ್ನಡದಲ್ಲಿ ತಂದರು. ಕನ್ನಡ ಬೈಬಲಿನಲ್ಲಿ ನೆಲೆನಿಂತ ಹೆಸರುಗಳು ಇಂಗ್ಲಿಷರ ಬಾಯಿಯ ಉಚ್ಚಾರವನ್ನು ಹಿಡಿದವಲ್ಲ, ಮೂಲದ ಉಚ್ಚಾರವನ್ನು ಹಿಡಿದವು. ಮೂಲದಲ್ಲಿ ಇರುವುದು ದಂತ್ಯ ದಕಾರ, ಮೊದಲಿಗೊಂದು ದೀರ್ಘ, ಕೊನೆಗೊಂದು ದೀರ್ಘ. ನಮ್ಮ ‘ದಾನಿಯೇಲ’ದಲ್ಲಿ ಇವೆಲ್ಲ ಇವೆ, ‘ಡ್ಯಾನಿಯಲ್’ನಲ್ಲಿ ಒಂದೂ ಇಲ್ಲ. ಲಂಡನ್ನಿನ ಹುಡುಗನಿಗಿಂತ ಬೀದರಿನ ಹುಡುಗ ಈ ಹೆಸರನ್ನು ಮೂಲಕ್ಕೆ ಹತ್ತಿರವಾಗಿ ಕರೆಯುತ್ತಾನೆಂಬುದು ಸಣ್ಣ ಸಂತೋಷವೇನಲ್ಲ.

ಹೆಸರು ಹೊತ್ತ ಮನುಷ್ಯ ಯಾರು? ಕತೆಯನ್ನು ಚಿಕ್ಕಂದಿನಲ್ಲಿ ಕೇಳಿದವರಿಗೆ ಸಿಂಹಗಳ ಗವಿ ಒಂದು ನೆನಪಿರುತ್ತದೆ. ನನಗೂ ಅಷ್ಟೇ ಗೊತ್ತಿತ್ತು. ಈ ಸಲ ಹನ್ನೆರಡೂ ಅಧ್ಯಾಯಗಳನ್ನು ಓದಿದೆ. ಸಿಂಹ ಬರುವುದು ಆರನೆಯ ಅಧ್ಯಾಯದಲ್ಲಿ. ಅದಕ್ಕೆ ಮುಂಚೆ ಇರುವುದೆಲ್ಲ, ಓದುಗ ಬಂಧುಗಳು ನಂಬಬೇಕು, ಊರು ಬಿಟ್ಟು ಬಂದ ಸರಕಾರಿ ನೌಕರನೊಬ್ಬನ ಕತೆ.

ಬಾಬೆಲಿನ ಅರಸ ನೆಬೂಕದ್ನೆಚ್ಚರ ಯೆರೂಸಲೇಮನ್ನು ಮುತ್ತಿ, ಅಲ್ಲಿಯ ಒಳ್ಳೆಯ ಮನೆತನದ ಹುಡುಗರನ್ನು ಆರಿಸಿ ತನ್ನ ಊರಿಗೆ ಒಯ್ದ. ಅವರಿಗೆ ಅಲ್ಲಿಯ ಭಾಷೆ, ಅಲ್ಲಿಯ ಲಿಪಿ ಕಲಿಸಬೇಕು, ಮೂರು ವರ್ಷ ತರಬೇತಿ, ಅರಮನೆಯ ಊಟ, ಆಮೇಲೆ ದರಬಾರಿನ ಕೆಲಸ. ಅವರಲ್ಲಿ ನಾಲ್ವರು ಗೆಳೆಯರು: ದಾನಿಯೇಲ, ಹನನ್ಯ, ಮೀಶಾಯೇಲ, ಅಜರ್ಯ. ಕಛೇರಿಗೆ ಸೇರಿಸಿಕೊಳ್ಳುವಾಗ ಕಂಚುಕಿಗಳ ನಾಯಕ ಮಾಡಿದ ಮೊದಲ ಕೆಲಸವೇ ಹೆಸರು ಬದಲಿಸುವುದು. ನಾಲ್ವರ ಹೆಸರಿನಲ್ಲೂ ಅವರ ದೇವರ ಹೆಸರು ಸೇರಿಕೊಂಡಿತ್ತು. ಅದನ್ನು ತೆಗೆದು ಬಾಬೆಲಿನ ಹೆಸರು ಕೊಟ್ಟ. ದಾನಿಯೇಲ ಬೇಲ್ತೆಶಚ್ಚರನಾದ, ತನ್ನ ದೇವರ ಹೆಸರಿನಿಂದಲೇ ಅವನಿಗೆ ಆ ಹೆಸರು ಬಂತೆಂದು ಅರಸನೇ ಮುಂದೆ ಒಂದು ಕಡೆ ಹೇಳಿಕೊಳ್ಳುತ್ತಾನೆ. ಉಳಿದ ಮೂವರು ಶದ್ರಕ್, ಮೇಶಕ್, ಅಬೇದ್ನೆಗೋ ಆದರು.

ನನಗೆ ಆಶ್ಚರ್ಯವಾದದ್ದು ಇಲ್ಲಿ. ದಾನಿಯೇಲ ಹೆಸರಿಗಾಗಿ ಜಗಳ ಆಡಲಿಲ್ಲ. ರಿಜಿಸ್ಟರಿನಲ್ಲಿ ಏನು ಬೇಕಾದರೂ ಬರೆದುಕೊಳ್ಳಿ ಎಂದು ಸುಮ್ಮನಾದ. ಆದರೆ ಊಟದ ವಿಷಯ ಬಂದಾಗ ಒಪ್ಪಲಿಲ್ಲ. ಅರಮನೆಯ ಮಾಂಸ, ದ್ರಾಕ್ಷಾರಸ ಬೇಡ, ಕಾಯಿಪಲ್ಲೆ, ನೀರು ಕೊಡಿ ಎಂದು ಮೇಲ್ವಿಚಾರಕನಲ್ಲಿ ಬೇಡಿಕೊಂಡ. ಹತ್ತು ದಿನ ಪರೀಕ್ಷೆ ಮಾಡಿ ನೋಡಿ, ಮುಖ ಕಳೆಗುಂದಿದ್ದರೆ ಆಮೇಲೆ ನಿಮ್ಮಿಷ್ಟ ಎಂದ. ಹತ್ತು ದಿನ ಕಳೆದ ಮೇಲೆ ನೋಡಿದರೆ ಉಳಿದ ಹುಡುಗರಿಗಿಂತ ಇವರೇ ದುಂಡಗಿದ್ದರು! ಈ ಊರಿಗೆ ಬಂದು ಮೂರು ವರ್ಷ ಮೆಸ್ಸಿನಲ್ಲಿ ಉಂಡು, ಊರಿನಿಂದ ಬಂದ ಜೋಳದ ರೊಟ್ಟಿಯ ಗಂಟನ್ನು ಟ್ರಂಕಿನಲ್ಲಿ ಬಚ್ಚಿಟ್ಟುಕೊಂಡವರಿಗೆ ಇದನ್ನು ವಿವರಿಸಿ ಹೇಳಬೇಕಾದ್ದಿಲ್ಲ.

ಮುಂದೆ ರಾಜರು ಬದಲಾದರು, ರಾಜ್ಯವೇ ಬದಲಾಯಿತು. ದಾನಿಯೇಲ ಮಾತ್ರ ಕಛೇರಿಯಲ್ಲೇ ಇದ್ದ. ನಿಜಾಮರ ಕಾಲದಲ್ಲಿ ಉರ್ದು ಕಲಿತು ಕೆಲಸಕ್ಕೆ ಸೇರಿ, 1948 ದಾಟಿ, 1956ರಲ್ಲಿ ಕಲಬುರ್ಗಿ, ಬೀದರ, ರಾಯಚೂರುಗಳು ಆ ಕಡೆ ಹೋದಾಗ ತಾವು ಈ ಕಡೆಯೇ ಉಳಿದ ನಮ್ಮ ಹಿರಿಯರ ಹಾಗೆ. ದಾರ್ಯಾವೆಷನ ಕಾಲಕ್ಕೆ 120 ಮಂದಿ ಅಧಿಪತಿಗಳು, ಅವರ ಮೇಲೆ ಮೂವರು ಮುಖ್ಯಾಧಿಕಾರಿಗಳು; ಆ ಮೂವರಲ್ಲಿ ದಾನಿಯೇಲ ಒಬ್ಬ. ಹೊರಗಿನಿಂದ ಬಂದವನು ಇಷ್ಟು ಮೇಲೆ ಹೋದರೆ ಸಹೋದ್ಯೋಗಿಗಳು ಸುಮ್ಮನಿದ್ದಾರೆಯೆ? ಅವನ ಕೆಲಸದಲ್ಲಿ ತಪ್ಪು ಹುಡುಕಿದರು. ಲೆಕ್ಕಪತ್ರ ಎಲ್ಲ ಸರಿಯಾಗಿತ್ತು. ಆಗ ಒಂದು ಹೊಸ ರೂಲು ಮಾಡಿಸಿದರು: ಮೂವತ್ತು ದಿನ ಯಾರೂ ಅರಸನ ಹೊರತು ಯಾವ ದೇವರಿಗೂ ಮನುಷ್ಯನಿಗೂ ಬೇಡಿಕೆ ಸಲ್ಲಿಸಕೂಡದು, ಸಲ್ಲಿಸಿದವನು ಸಿಂಹಗಳ ಗವಿಗೆ. ಅರಸ ರುಜು ಹಾಕಿದ. ರುಜು ಬಿದ್ದ ಮೇಲೆ ಆ ರಾಜ್ಯದಲ್ಲಿ ರೂಲನ್ನು ಅರಸನೂ ತಿದ್ದುವ ಹಾಗಿರಲಿಲ್ಲವಂತೆ. ಇಪ್ಪತ್ತು ವರ್ಷ ಫೈಲು ನೋಡಿದ ನಮ್ಮ ಹೆಡ್ ಗುಮಾಸ್ತರಿಗೆ ಇದನ್ನು ಹೇಳಿದಾಗ, “ಅದು ಪಕ್ಕಾ ಕಛೇರಿ ಕಣಯ್ಯಾ” ಎಂದರು.

ದಾನಿಯೇಲ ಏನು ಮಾಡಿದ? ಮನೆಗೆ ಹೋದ. ಅವನ ಮಹಡಿಯ ಕೋಣೆಯ ಕಿಟಕಿಗಳು ಯೆರೂಸಲೇಮಿನ ಕಡೆಗೆ ತೆರೆದಿದ್ದವು. ದಿನಕ್ಕೆ ಮೂರು ಸಲ ಆ ಕಡೆಗೆ ಮೊಣಕಾಲೂರಿ ಪ್ರಾರ್ಥನೆ ಮಾಡುವುದು ಅವನ ರೂಢಿ. ಅಂದೂ ಮಾಡಿದ. ಕಿಟಕಿ ಮುಚ್ಚಿಕೊಂಡು ಮಾಡಬಹುದಾಗಿತ್ತು. ಮುಚ್ಚಲಿಲ್ಲ. ಸಿಂಹಗಳ ಸಂಗತಿ ಎಲ್ಲರಿಗೂ ಗೊತ್ತು: ರಾತ್ರಿಯೆಲ್ಲ ನಿದ್ದೆ ಬರದೆ ಒದ್ದಾಡಿದವನು ಅರಸ, ಗವಿಯಲ್ಲಿದ್ದವನಿಗೆ ಗಾಯವೂ ಆಗಲಿಲ್ಲ. ದೇವರು ನ್ಯಾಯ ತೀರಿಸಿದ, ಹೆಸರು ನಿಜವಾಯಿತು.

ಈ ಗ್ರಂಥ ಈಗಿನ ರೂಪಕ್ಕೆ ಬಂದದ್ದು ಕತೆಯ ಕಾಲಕ್ಕಿಂತ ಬಹಳ ತಡವಾಗಿ, ಕ್ರಿ.ಪೂ. 2ನೆಯ ಶತಮಾನದಲ್ಲಿ ಎಂದು ಪಂಡಿತರಲ್ಲಿ ಹೆಚ್ಚಿನವರು ಹೇಳುತ್ತಾರೆ. ಅರ್ಧ ಹೀಬ್ರೂ, ಅರ್ಧ ಅರಾಮಿಕ್. ಮನೆಯಲ್ಲಿ ಒಂದು ಭಾಷೆ, ಬೀದಿಯಲ್ಲಿ ಒಂದು ಭಾಷೆ ಆಡುವವರ ಪುಸ್ತಕ. ಅದರ ಗ್ರೀಕ್ ಪಾಠದಲ್ಲಿ ಸುಸನ್ನಳ ಕತೆಯೊಂದು ಸೇರಿಕೊಂಡಿದೆ. ಕೆಥೊಲಿಕರು ಅದನ್ನು ಒಪ್ಪುತ್ತಾರೆ, ಮಾಸ್ತರರ ಸಭೆಯವರ ಬೈಬಲಿನಲ್ಲಿ ಅದಿಲ್ಲ. ನಿರಪರಾಧಿ ಹೆಣ್ಣಿನ ಮೇಲೆ ಇಬ್ಬರು ಮುದುಕರು ಸುಳ್ಳು ಸಾಕ್ಷಿ ಹೇಳಿದಾಗ, ಚಿಕ್ಕ ಹುಡುಗ ದಾನಿಯೇಲ ಇಬ್ಬರನ್ನೂ ಬೇರೆ ಬೇರೆ ಕರೆದು ‘ಯಾವ ಗಿಡದ ಕೆಳಗೆ ನೋಡಿದಿರಿ?’ ಎಂದು ಕೇಳಿದನಂತೆ. ಇಬ್ಬರೂ ಬೇರೆ ಬೇರೆ ಗಿಡ ಹೇಳಿದರು, ಸುಳ್ಳು ಬಯಲಾಯಿತು. ಬಿ.ಎ.ಯಲ್ಲಿ ಷೇಕ್ಸ್‌ಪಿಯರನ ವೆನಿಸಿನ ವರ್ತಕನ ನಾಟಕ ಓದಿದವರಿಗೆ ಶೈಲಾಕ ನ್ಯಾಯಸ್ಥಾನದಲ್ಲಿ ಪೋರ್ಷಿಯಳನ್ನು ಏಕೆ ದಾನಿಯೇಲನೆಂದು ಹೊಗಳುತ್ತಾನೆಂಬುದು ಈಗ ತಿಳಿದೀತು. ನಾನು ಅದನ್ನು ಪರೀಕ್ಷೆಗಾಗಿ ಬಾಯಿಪಾಠ ಮಾಡಿದ್ದೆನೇ ಹೊರತು ಅರ್ಥ ಮಾಡಿಕೊಂಡಿರಲಿಲ್ಲ.

ಹೆಸರಿಟ್ಟ ಮಾತ್ರಕ್ಕೆ ಗುಣ ಬರುತ್ತದೆಯೆ ಎಂದು ಕೇಳುವವರಿಗೆ ಒಂದು ಉದಾಹರಣೆ ಕೊಟ್ಟುಬಿಡುತ್ತೇನೆ. ಅಕ್ಬರ ಬಾದಶಹನಿಗೆ 1572ರಲ್ಲಿ ಹುಟ್ಟಿದ ಮಗನಿಗೆ ಅಜಮೇರಿನ ಶೇಖ್ ದಾನಿಯಾಲರ ಹೆಸರನ್ನೇ ಇಟ್ಟರು. ನಮ್ಮ ವಿಜಾಪುರದ ಎರಡನೆಯ ಇಬ್ರಾಹಿಂ ಆದಿಲಶಹನ ಮಗಳನ್ನು 1604ರಲ್ಲಿ ಮದುವೆಯಾದವನು ಈ ದಾನಿಯಾಲನೇ. ಮರು ವರ್ಷವೇ ಬುರಹಾನಪುರದಲ್ಲಿ ಕುಡಿದು ಕುಡಿದು ಸತ್ತ. ಅರಮನೆಯ ದ್ರಾಕ್ಷಾರಸ ಬೇಡವೆಂದವನ ಹೆಸರು ಹೊತ್ತವನಿಗೆ ದ್ರಾಕ್ಷಾರಸವೇ ಮೃತ್ಯುವಾಯಿತು. ಪಾಪ, ವಿಜಾಪುರದ ಹುಡುಗಿ!

ಅದಂತಿರಲಿ. ಮಾಸ್ತರರು ಎದ್ದು ಹೋಗುವ ಮುಂಚೆ ಹೇಳಿದ ಹೆಸರು ಬೇರೆ. ನನ್ನ ಮನಸ್ಸಿನಲ್ಲಿ ನಿಂತದ್ದೂ ಅದೇ.

1834ರಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಶನ್ನಿನವರು 1837ರಲ್ಲಿ ಧಾರವಾಡಕ್ಕೂ ಬಂದರು. ಆ ಸೀಮೆಯಲ್ಲಿ ಕ್ರೈಸ್ತರಾದ ಮನೆಗಳಲ್ಲಿ ಬೈಬಲಿನ ಹೆಸರುಗಳು ಬಂದವು. ಬಂದ ಹೆಸರನ್ನು ನಮ್ಮ ಬಯಲುಸೀಮೆಯ ಜನ ಹಾಗೆಯೇ ಬಿಡುತ್ತಾರೆಯೆ? ಗೌರವದ ಮನುಷ್ಯ ಎಂದ ಮೇಲೆ ಕೊನೆಗೊಂದು ‘ಅಪ್ಪ’ ಬೇಕೇ ಬೇಕು. ಧಾರವಾಡದಲ್ಲಿ ದಾನಿಯೇಲಪ್ಪ ಎಂಬವರಿದ್ದರು. ಅವರ ಹೆಂಡತಿಯ ಹೆಸರು ಸುಭದ್ರವ್ವ. 1881ರಲ್ಲಿ ಅವರಿಗೊಬ್ಬ ಮಗ ಹುಟ್ಟಿದ. ಮಗನಿಗೆ ಅವರು ಇಟ್ಟ ಹೆಸರು ಚನ್ನಪ್ಪ.

ಆ ಚನ್ನಪ್ಪನವರೇ ರೆವರೆಂಡ್ ಉತ್ತಂಗಿ ಚನ್ನಪ್ಪನವರು. ಕ್ರೈಸ್ತ ಪಾದ್ರಿ, ಊರೂರು ತಿರುಗಿ, ಜನರ ಬಾಯಲ್ಲೂ ಓಲೆಗರಿಯಲ್ಲೂ ಚದರಿ ಹೋಗಿದ್ದ ಸರ್ವಜ್ಞನ ತ್ರಿಪದಿಗಳನ್ನು ಕೂಡಿಹಾಕಿ, ತಿದ್ದಿ, 1924ರಲ್ಲಿ ಅಚ್ಚು ಮಾಡಿಸಿದವರು. ಅವರು ಅದನ್ನು ಮಾಡದೆ ಇದ್ದಿದ್ದರೆ ನಮ್ಮ ಮಕ್ಕಳಿಗೆ ಕಲಿಸಲು ಸರ್ವಜ್ಞನದು ಎಷ್ಟು ಉಳಿಯುತ್ತಿತ್ತೋ. ಆಮೇಲೆ ಶರಣರ ವಚನಗಳನ್ನು ಹಿಡಿದರು. ಅನುಭವ ಮಂಟಪ ಇದ್ದದ್ದು ನಿಜವೆಂದು ಸಾಧಿಸಲು ಪುಸ್ತಕವನ್ನೇ ಬರೆದರು. 1949ರಲ್ಲಿ, ಕಲಬುರ್ಗಿ ಇನ್ನೂ ಹೈದರಾಬಾದ್ ರಾಜ್ಯದಲ್ಲೇ ಇದ್ದಾಗ, ಅಲ್ಲಿ ಸೇರಿದ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ಅವರೇ ಅಧ್ಯಕ್ಷರು. 1962ರಲ್ಲಿ ತೀರಿಕೊಂಡರು.

ತಂದೆಯ ಹೆಸರು ದಾನಿಯೇಲಪ್ಪ, ಮಗನ ಹೆಸರು ಚನ್ನಪ್ಪ. ಹಿಂದುಮುಂದಾಗಿದೆ ಎನಿಸುವುದಿಲ್ಲವೆ? ಹಳೆಯ ಹೆಸರು ಮುಂದಿನ ತಲೆಗೆ ಬಂದಿದೆ, ದೂರದ ಹೆಸರು ಹಿಂದಿನ ತಲೆಗೆ ಹೋಗಿದೆ. ಎರಡಕ್ಕೂ ತಳದಲ್ಲಿ ಅದೇ ಅಪ್ಪ. ಇಬ್ರಿಯರ ದೇವರಿಗೆ ಧಾರವಾಡದ ‘ಅಪ್ಪ’ ಸೇರಿದಾಗ ಅರ್ಥ ಏನಾಗುತ್ತದೆಂದು ಮಾಸ್ತರರನ್ನು ಕೇಳಿದೆ. “ಅರ್ಥ ಏನು ತಮ್ಮಾ? ನಿಮ್ಮವ್ವ, ನಮ್ಮವ್ವ ಎಲ್ಲಾರೂ ಹೇಳತಿದ್ದಿಲ್ಲೇನು, ‘ಇರಲಿ ಬಿಡಪ್ಪಾ, ದೇವರಿದ್ದಾನ, ನೋಡ್ಕೋತಾನ’ ಅಂತ? ಅದs ದಾನಿಯೇಲಪ್ಪ” ಎಂದರು.

ಇದಕ್ಕಿಂತ ಒಳ್ಳೆಯ ಅನುವಾದ ನನಗೆ ಯಾವ ಪುಸ್ತಕದಲ್ಲೂ ಸಿಗಲಿಲ್ಲ. ಪರಸ್ಥಳದಲ್ಲಿ ನಮ್ಮ ಪರವಾಗಿ ಮಾತನಾಡಲು ಗೌಡರಿಲ್ಲ, ಸೋದರಮಾವನಿಲ್ಲ. ಆಗ ಹೇಳಿಕೊಳ್ಳುವ ಮಾತು ಅದು. ಈ ಹೆಸರು ದೇಶದೇಶಗಳಲ್ಲಿ ಇಷ್ಟು ಹರಡಿರುವುದು ಸಿಂಹದ ಕತೆಯ ಬಲದಿಂದ ಎನ್ನುತ್ತಾರೆ. ಇರಬಹುದು. ನನಗೇನೋ ಆ ತೆರೆದ ಕಿಟಕಿಯೇ ಕಾರಣವೆಂದು ತೋರುತ್ತದೆ.

ಇಷ್ಟೆಲ್ಲ ನನಗೆ ಏಕೆ ಹತ್ತಿರವಾಯಿತೆಂದು ಹೇಳಿಬಿಡುವುದು ಒಳ್ಳೆಯದು. ನನ್ನ ಮಗನಿಗೆ ನನ್ನ ತಂದೆಯ ಹೆಸರಿಟ್ಟಿದ್ದೇವೆ. ಇಲ್ಲಿ ಬರೆದರೆ ಸಿಟ್ಟಾದಾನು. ಕೊನೆಯಲ್ಲಿ ‘ಅಪ್ಪ’ ಇದೆ ಎಂದರೆ ಸಾಕು. ಅವನು ಹೋಗುವ ಶಾಲೆಯಲ್ಲಿ ಸೇರಿಸುವಾಗಲೇ ಮನೆತನದ ಹೆಸರು ಬೇಕೆಂದರು. ನಮ್ಮದು ಊರ ಹೆಸರು, ತಂದೆಯ ಹೆಸರು, ಅಷ್ಟೇ ಎಂದರೆ ಗುಮಾಸ್ತ ಕೇಳಲಿಲ್ಲ, ಹಿಂದುಮುಂದು ಮಾಡಿ ಬರೆದುಕೊಂಡ. ಅದು ಹೋಗಲಿ. ಉರ್ದುವಿನಲ್ಲಿ ‘ಆಪಾ’ ಎಂದರೆ ಅಕ್ಕ. ತರಗತಿಯ ಹುಡುಗರಿಗೆ ಅಷ್ಟು ಸಾಲದೆ? ಹಾಜರಿ ಕರೆದಾಗಲೆಲ್ಲ ಹಿಂದಿನ ಬೆಂಚಿನಿಂದ “ಆಪಾ ಆಯೀ” ಎಂದು ಕೂಗು. ಎರಡು ವರ್ಷ ಸಹಿಸಿದ ಹುಡುಗ ಈ ಸಲ ಬೇಸಿಗೆ ರಜೆಯಲ್ಲಿ, “ಅಪ್ಪಾ, ನನ್ನ ಹೆಸರು ಬದಲಿಸು” ಎಂದ. ಅತ್ತಿದ್ದರೆ ಸಮಾಧಾನ ಹೇಳಬಹುದಿತ್ತು. ಅಳಲಿಲ್ಲ, ಹೆಸರುಗಳ ಪಟ್ಟಿಯೊಂದನ್ನು ಬರೆದು ತಂದಿದ್ದ. ಎಲ್ಲ ಎರಡಕ್ಷರದವು, ಎಲ್ಲಿಯೂ ಸಲ್ಲುವಂಥವು.

ಹೆಸರು ಬದಲಿಸುವುದು ಹೇಗೆಂದು ನನ್ನಂಥವನಿಗೆ ಗೊತ್ತಿರದೆ ಏನು? ಛಾಪಾ ಕಾಗದದ ಮೇಲೆ ಪ್ರಮಾಣಪತ್ರ, ಪತ್ರಿಕೆಯಲ್ಲಿ ಪ್ರಕಟಣೆ, ಗೆಜೆಟ್ಟಿಗೆ ಅರ್ಜಿ. ಅರ್ಜಿಯನ್ನು ನಾನೇ ಬರೆದೆ. ನನ್ನ ತಂದೆಯ ಹೆಸರನ್ನು ‘ಹಳೆಯ ಹೆಸರು’ ಎಂಬ ಖಾನೆಯಲ್ಲಿ ಬರೆದಾಗ ಕೈ ಸ್ವಲ್ಪ ನಿಂತಿತು. ಊರಿನಲ್ಲಿರುವ ತಾಯಿಗೆ ತಿಳಿಸಿರಲಿಲ್ಲ. ಮನೆಯಾಕೆ, “ಹುಡುಗನ ಜೀವಕ್ಕಿಂತ ಹೆಸರು ಹೆಚ್ಚೇನು?” ಎಂದಳು. ಅವಳು ಹೇಳುವುದೂ ಸುಳ್ಳಲ್ಲ. ದಾನಿಯೇಲನೂ ಬಾಬೆಲಿನ ಹೆಸರನ್ನು ಒಪ್ಪಿಕೊಂಡವನೇ ಅಲ್ಲವೆ? ಹಾಗೆಂದು ಅವನ ಪುಸ್ತಕ ಅವನನ್ನು ಯಾವ ಹೆಸರಿನಿಂದ ಕರೆಯುತ್ತದೆ ಎಂಬುದೂ ಕಣ್ಣೆದುರಿಗೇ ಇದೆ.

ಮಾಸ್ತರರು ಹೇಳಿದ್ದನ್ನೆಲ್ಲ ಹುಡುಗ ಬಾಗಿಲ ಹತ್ತಿರ ಕೂತು ಕೇಳಿಸಿಕೊಂಡಿದ್ದ. ಕಾರ್ಡುಗಳನ್ನು ಅವನ ಕೈಗೆ ಕೊಟ್ಟೆ. ಅರವತ್ತು ಕಾರ್ಡು. ಭಾನುವಾರಗಳಲ್ಲಿ ನಾನು ಹಿಡಿದು ಕೂಡಿಸಿ ಕಲಿಸಿದ ಕನ್ನಡ. ಒತ್ತಕ್ಷರ ಇನ್ನೂ ಎಡವುತ್ತವೆ. ಈ ಹೆಸರಿನಲ್ಲಿ ಒತ್ತು ಇಲ್ಲದ್ದರಿಂದ ಬದುಕಿಕೊಂಡ. ನೆಲದ ಮೇಲೆ ಬೋರಲಾಗಿ ಮಲಗಿ, ನಾಲಿಗೆ ಹೊರಗೆ ಚಾಚಿ, ಒಂದೊಂದಾಗಿ ಬರೆದ. ಇಪ್ಪತ್ತೋ ಇಪ್ಪತ್ತೈದೋ ಆದ ಮೇಲೆ ತಲೆ ಎತ್ತಿದ.

“ಅಪ್ಪಾ, ಇದಕ್ಕೂ ಅಪ್ಪ ಹಚ್ಚಲೇನು?”

“ಕೂಸು ಇನ್ನೂ ಸಣ್ಣದು. ದೊಡ್ಡಾಂವ ಆದಮ್ಯಾಲೆ ಜನಾನೇ ಹಚ್ಚತಾರ” ಎಂದೆ.

ಅವನು ಸ್ವಲ್ಪ ಹೊತ್ತು ಪೆನ್ನು ಕಚ್ಚುತ್ತ ಕೂತಿದ್ದು, “ಆ ಸಿಂಹದಂವಗ ಶಾಲ್ಯಾಗ ಏನಂತ ಕರೀತಿದ್ದರು?” ಎಂದು ಕೇಳಿದ. ಬೇಲ್ತೆಶಚ್ಚರ ಎಂದೆ. “ಅಯ್ಯೋ, ಅದು ನಂದಕ್ಕಿಂತ ಕೆಟ್ಟದು” ಎಂದು ಮತ್ತೆ ಬರೆಯತೊಡಗಿದ.

ಮರುದಿನ ಮಾಸ್ತರರು ಬಂದು ಅರವತ್ತು ಕಾರ್ಡನ್ನೂ ಕನ್ನಡಕ ಹಾಕಿಕೊಂಡು ನೋಡಿದರು. ಎರಡರಲ್ಲಿ ಏತ್ವದ ದೀರ್ಘ ಬಿಟ್ಟುಹೋಗಿತ್ತು, ತಾವೇ ತಿದ್ದಿದರು. ಅರ್ಜಿ ನನ್ನ ಮೇಜಿನ ಖಾನೆಯಲ್ಲಿ ಇನ್ನೂ ಇದೆ. ಶಾಲೆ ತೆರೆಯಲು ಎಂಟು ದಿನ ಉಳಿದಿವೆ. ಹುಡುಗ ಅದರ ಮಾತು ಎತ್ತಿಲ್ಲ, ನಾನೂ ಎತ್ತಿಲ್ಲ.